ಪ್ಯಾಕೇಜಿಗೆ ಒಪ್ಪುವ ಮುನ್ನ

ಪ್ರಶ್ನೆ: ನಾನು ಶಿವಮೊಗ್ಗದ ಶಾಲೆಯೊಂದರಲ್ಲಿ ಸಂಗೀತ ಶಿಕ್ಷಕ. ನಾಲ್ಕು ಕಿರುಚಿತ್ರಗಳಿಗೆ ಸಂಗೀತ ನೀಡಿದ್ದೇನೆ. ಈಗ ಸಣ್ಣ ಬಜೆಟ್ಟಿನ ಕನ್ನಡ ಚಿತ್ರವೊಂದರ ನಿರ್ದೇಶಕರು ಹಾಡು, ರೀ-ರೆಕಾರ್ಡಿಂಗ್ (ಹಿನ್ನೆಲೆ ಸಂಗೀತ) ಎರಡನ್ನೂ ಒಂದೇ ಪ್ಯಾಕೇಜಿನಲ್ಲಿ ಮಾಡಿಕೊಡಲು ಕೇಳುತ್ತಿದ್ದಾರೆ. ಎಲ್ಲ ಹಕ್ಕುಗಳನ್ನೂ ಬರೆದುಕೊಡಬೇಕಂತೆ. ಕೆಲಸ ಬಿಟ್ಟು ಬೆಂಗಳೂರಿಗೆ ಬರಬಹುದೇ?

ಉತ್ತರ: ಚಿತ್ರವನ್ನು ಒಪ್ಪಿಕೊಳ್ಳಿ, ಕೆಲಸವನ್ನು ಸದ್ಯಕ್ಕೆ ಬಿಡಬೇಡಿ. ‘ಋಷ್ಯಶೃಂಗ’ ಮತ್ತು ‘ಘಟಶ್ರಾದ್ಧ’ ಚಿತ್ರಗಳ ಸಂಗೀತಕ್ಕಾಗಿ ಸತತ ಎರಡು ವರ್ಷ ರಾಷ್ಟ್ರಪ್ರಶಸ್ತಿ ಪಡೆದ ಬಿ.ವಿ. ಕಾರಂತರಿಗೂ ರಂಗಭೂಮಿಯೇ ಮುಖ್ಯ ಕಾರ್ಯಕ್ಷೇತ್ರವಾಗಿತ್ತು. ಸಣ್ಣ ಚಿತ್ರಗಳ ಸಂಗೀತವೊಂದನ್ನೇ ನೆಚ್ಚಿ ಸಂಸಾರ ತೂಗಿಸುವುದು ಇಂದಿಗೂ ಕಷ್ಟ.

ಇನ್ನು ಪ್ಯಾಕೇಜಿನ ಮಾತು. ಸ್ಟುಡಿಯೊ ಬಾಡಿಗೆ, ವಾದ್ಯಗಾರರ ಮತ್ತು ಗಾಯಕರ ಸಂಭಾವನೆ, ಮಿಕ್ಸಿಂಗ್ ಖರ್ಚು ಎಲ್ಲವೂ ಆ ಒಂದೇ ಮೊತ್ತದಿಂದ ಕಳೆದು ಉಳಿದದ್ದು ಮಾತ್ರ ನಿಮ್ಮದಾಗುವುದರಿಂದ, ನಿಮ್ಮ ಸಂಭಾವನೆಯನ್ನು ಖರ್ಚಿನಿಂದ ಬೇರ್ಪಡಿಸಿ ಬರೆಸಿಕೊಳ್ಳಿ. ಅದಕ್ಕೆ ಒಪ್ಪದಿದ್ದರೆ, ಎಡಿಟಿಂಗ್ ಅಂತಿಮಗೊಂಡ ಮೇಲಿನ ಬದಲಾವಣೆಗಳಿಗೆ ಪ್ರತ್ಯೇಕ ಹಣ ಕೊಡಬೇಕೆಂಬ ಒಂದು ಸಾಲನ್ನಾದರೂ ಸೇರಿಸಿ. ಈ ಸಾಲಿನ ಬೆಲೆ ನನಗೆ ತಿಳಿದದ್ದು ತಡವಾಗಿ. ಚಿತ್ರವೊಂದರ ದೃಶ್ಯದಲ್ಲಿ ಅಜ್ಜಿಯೊಬ್ಬಳು ಬಾಗಿಲಿಗೆ ಚಿಲಕ ಹಾಕುವ ಗಳಿಗೆಯಲ್ಲೇ ಮುಗಿಯುವಂತೆ, ನಿಮಿಷಕ್ಕೆ 60 ಎಣಿಕೆಯ ನಡೆಯಲ್ಲಿ, ಆವರ್ತಕ್ಕೆ 8 ಎಣಿಕೆಯ ಆದಿತಾಳದಲ್ಲಿ ಕೊಳಲಿನ ತುಣುಕೊಂದನ್ನು ಮಾಡಿದ್ದೆ. ರೆಕಾರ್ಡಿಂಗ್ ಆದ ಮೇಲೆ ದೃಶ್ಯದ ನಡುವಿನಿಂದ 11 ಸೆಕೆಂಡ್ ಕತ್ತರಿಸಿದರು. 11 ಎಣಿಕೆಯೆಂದರೆ ಒಂದು ಆವರ್ತ ಹೋಗಿ ಮೇಲೆ ಮೂರು ಎಣಿಕೆ; ಎಲ್ಲಿ ಕತ್ತರಿಸಿ ಜೋಡಿಸಿದರೂ ಎತ್ತುಗಡೆ, ಅಂದರೆ ತಾಳದಲ್ಲಿ ಸಂಗೀತದ ಸಾಲು ಶುರುವಾಗುವ ಜಾಗ, ತಪ್ಪುತ್ತಿತ್ತು. ಕೊಳಲಿನವರನ್ನು ಮತ್ತೆ ಕರೆಸಬೇಕಾಯಿತು. ಆ ದಿನದ ಖರ್ಚೆಲ್ಲ ನನ್ನ ಜೇಬಿನದು.

ಹಕ್ಕುಗಳ ವಿಷಯದಲ್ಲಿ ಮಾತ್ರ ನೀವು ನಿರ್ದೇಶಕರು ತಿಳಿದಿರುವಷ್ಟು ಅಸಹಾಯಕರಲ್ಲ. 1977ರಲ್ಲಿ ಸುಪ್ರೀಂ ಕೋರ್ಟ್ ನೀಡಿದ ತೀರ್ಪು ನಿರ್ಮಾಪಕರ ಪರವಾಗಿತ್ತು, ನಿಜ. ಆದರೆ 2012ರಲ್ಲಿ ತಿದ್ದುಪಡಿಯಾದ ಕೃತಿಸ್ವಾಮ್ಯ ಕಾಯಿದೆಯ ಪ್ರಕಾರ, ಚಿತ್ರಮಂದಿರದಲ್ಲಿ ಚಿತ್ರದೊಂದಿಗೆ ನಡೆಯುವ ಪ್ರದರ್ಶನವನ್ನು ಬಿಟ್ಟು ಉಳಿದ ಬಳಕೆಗಳಿಂದ ಬರುವ ರಾಯಧನದಲ್ಲಿ ಸಂಗೀತ ಸಂಯೋಜಕರಿಗೆ ಸಮಪಾಲಿದೆ. ಅದನ್ನು ವಾರಸುದಾರರಿಗೆ ಇಲ್ಲವೇ ಕೃತಿಸ್ವಾಮ್ಯ ಸಂಘಕ್ಕೆ ಹೊರತು ಬೇರೆ ಯಾರಿಗೂ ಬರೆದುಕೊಡುವಂತಿಲ್ಲ, ಬಿಟ್ಟುಕೊಡುವಂತೆಯೂ ಇಲ್ಲ. ಹಾಡುಗಳಷ್ಟೇ ಅಲ್ಲ, ನಿಮ್ಮ ಹಿನ್ನೆಲೆ ಸಂಗೀತವೂ ಸಂಗೀತ ಕೃತಿಯೇ. ಒಪ್ಪಂದದಲ್ಲಿ ಅವಧಿಯನ್ನು ಕಾಣಿಸದಿದ್ದರೆ ಹಕ್ಕಿನ ವರ್ಗಾವಣೆ 5 ವರ್ಷಕ್ಕಷ್ಟೇ ಎಂದು ಕಾನೂನು ಭಾವಿಸುತ್ತದೆ; ‘ಶಾಶ್ವತವಾಗಿ’ ಎಂಬ ಪದ ಕರಡಿನಲ್ಲಿ ತಪ್ಪದೆ ಕಾಣಿಸಿಕೊಳ್ಳುವುದು ಅದಕ್ಕೇ. ಸಹಿಗೆ ಮೊದಲು ವಕೀಲರೊಬ್ಬರಿಗೆ ಅದನ್ನು ತೋರಿಸಿ.

ಕಾನೂನಿನಲ್ಲಿ ಹಕ್ಕಿದ್ದ ಮಾತ್ರಕ್ಕೆ ಹಣ ತಾನಾಗಿ ಮನೆಗೆ ಬಾರದು. ರಾಯಧನ ಸಂಗ್ರಹಿಸಿ ಹಂಚುವ ಕೃತಿಸ್ವಾಮ್ಯ ಸಂಘವಾದ ಐಪಿಆರ್‌ಎಸ್‌ ಸದಸ್ಯರಾಗಿ ನಿಮ್ಮ ಕೃತಿಗಳನ್ನು ನೋಂದಾಯಿಸಿ. ಚಿತ್ರದಲ್ಲಿ ಬರುವ ಪ್ರತಿ ತುಣುಕಿನ ಹೆಸರು, ಅವಧಿ, ಸಂಯೋಜಕರ ಹೆಸರು ಇರುವ ಕ್ಯೂ ಶೀಟನ್ನು ಮಿಕ್ಸಿಂಗ್ ಮುಗಿದ ವಾರದಲ್ಲೇ ಸಿದ್ಧಪಡಿಸಿ. ವರ್ಷ ಕಳೆದ ಮೇಲೆ ಕುಳಿತರೆ ಯಾವ ತುಣುಕು ಎಲ್ಲಿತ್ತೆಂಬುದು ನಿಮಗೇ ನೆನಪಿರುವುದಿಲ್ಲ.

ಬೆಂಗಳೂರಿಗೆ ಮನೆ ಬದಲಿಸುವ ಅಗತ್ಯ ನನಗೆ ಕಾಣುತ್ತಿಲ್ಲ. ರಾಗ ಸಂಯೋಜನೆ ಮನೆಯಲ್ಲೇ ಆಗಲಿ. ವಾದ್ಯಗಾರರೊಂದಿಗಿನ ರೆಕಾರ್ಡಿಂಗ್ ದಿನಗಳನ್ನು ಬೇಸಿಗೆ ರಜೆಗೆ ಹೊಂದಿಸಲು ಸಾಧ್ಯವೇ ಎಂದು ನಿರ್ದೇಶಕರನ್ನು ಈಗಲೇ ಕೇಳಿ.