ವಿದೇಶಿ ಕೈವಾಡ ಅಂದರೆ ಸಾಲದು, ಆ ಕೈ ಮಾಡಿದ್ದೇನು ಅಂತ ಬರೆಯಿರಿ

ಮುಳ್ಳೇರಿಯದ ತಂಗಿಗೆ ನಮಸ್ಕಾರ.

‘ಅಂತರ್ಯುದ್ಧಗಳ ಹಿಂದೆ ವಿದೇಶಿ ಕೈವಾಡ’ ಎಂಬ ನಿಮ್ಮ ಲೇಖನ ಓದಿದೆ. ಈಗಿರುವ ಹಾಗೆ ನಮ್ಮ ಪತ್ರಿಕೆಯಲ್ಲಿ ಹಾಕಲು ಆಗುವುದಿಲ್ಲ. ಆದರೆ ಕೈಬಿಡಬೇಡಿ. ಅದರೊಳಗೆ ಒಂದು ಒಳ್ಳೆಯ ಬರಹ ಇದೆ.

ಆರು ಪುಟದಲ್ಲಿ ಸಿರಿಯಾ, ಯೆಮೆನ್, ಸುಡಾನ್, ಶ್ರೀಲಂಕಾ, ಮೊಜಾಂಬಿಕ್ ಎಲ್ಲ ಬಂದು ಹೋಗುತ್ತವೆ. ಎಲ್ಲ ಕಡೆಗೂ ‘ದೊಡ್ಡ ರಾಷ್ಟ್ರಗಳ ಕುತಂತ್ರ’ ಎಂಬ ಒಂದೇ ಮಾತು. ನಮ್ಮ ಕಾಸರಗೋಡಿನ ಎಷ್ಟೋ ಓದುಗರ ಮನೆಯವರು ಗಲ್ಫಿನಲ್ಲಿದ್ದಾರೆ. ಯೆಮೆನ್ ಯುದ್ಧದಲ್ಲಿ ಸೌದಿಯೂ ಇರಾನೂ ಇವೆ ಅಂತ ಅವರಿಗೆ ಹೇಳಿಕೊಡಬೇಕಾಗಿಲ್ಲ. ದುಡ್ಡು ಯಾರು ಕೊಟ್ಟರು, ಬಂದೂಕು ಯಾವ ಗಡಿ ದಾಟಿ ಬಂತು, ಕೊಡುವವರು ನಿಲ್ಲಿಸಿದಾಗ ಏನಾಯಿತು? ಅವರಿಗೆ ಬೇಕಾದದ್ದು ಅದು.

ನಾಲ್ಕನೇ ಪುಟದಲ್ಲಿ ಐದು ಸಾಲು ಇವೆ. ನಿಮ್ಮ ಅಮ್ಮ ಗೇರುಬೀಜದ ಕಾರ್ಖಾನೆಯಲ್ಲಿ ಬೀಜ ಒಡೆಯುತ್ತಿದ್ದದ್ದು, ಸೊನೆ ತಾಗಿ ಬೆರಳ ತುದಿ ಸುಟ್ಟು ಕಪ್ಪಾಗುತ್ತಿದ್ದದ್ದು, ಗೋಣಿಗಳು ಮೊಜಾಂಬಿಕಿನಿಂದ ಬರುತ್ತವೆ ಅಂತ ಮೇಸ್ತ್ರಿ ಹೇಳಿದ್ದು. ಇಡೀ ಲೇಖನದಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ್ದು ಆ ಐದು ಸಾಲು. ಉಳಿದ ದೇಶಗಳನ್ನು ಬಿಟ್ಟು ಮೊಜಾಂಬಿಕ್ ಒಂದನ್ನೇ ಹಿಡಿಯಿರಿ.

1975ರಲ್ಲಿ ಆ ದೇಶ ಪೋರ್ಚುಗಲ್‌ನಿಂದ ಬಿಡುಗಡೆ ಪಡೆಯಿತು. ಅಲ್ಲಿ ಅಧಿಕಾರಕ್ಕೆ ಬಂದ ಫ್ರೆಲಿಮೊ ಪಕ್ಷದ ಸರ್ಕಾರ, ಪಕ್ಕದ ರೊಡೇಷಿಯಾದ ಬಿಳಿಯರ ಆಡಳಿತದ ವಿರುದ್ಧ ಹೋರಾಡುವವರಿಗೆ ಜಾಗ ಕೊಟ್ಟಿತು. ಅದಕ್ಕೆ ರೊಡೇಷಿಯಾದ ಗುಪ್ತಚರರು ರೆನಾಮೊ ಎಂಬ ಬಂಡುಕೋರ ಪಡೆ ಕಟ್ಟಿದರು. 1980ರಲ್ಲಿ ರೊಡೇಷಿಯಾ ಹೋಗಿ ಜಿಂಬಾಬ್ವೆ ಆಯಿತು. ರೆನಾಮೊ ಅಲ್ಲಿಗೇ ಮುಗಿಯಬೇಕಿತ್ತು, ಅಲ್ವಾ? ಇಲ್ಲ. ಆಗ ಬಿಳಿಯರ ಆಡಳಿತವೇ ಇದ್ದ ದಕ್ಷಿಣ ಆಫ್ರಿಕಾದ ಸೇನೆ ಅದನ್ನು ಸಾಕಲು ಶುರು ಮಾಡಿತು. ಮೊಜಾಂಬಿಕ್ ಜೊತೆಗಿನ 1984ರ ಎನ್‌ಕೊಮಾಟಿ ಒಪ್ಪಂದದಲ್ಲಿ ಇನ್ನು ನೆರವು ಕೊಡುವುದಿಲ್ಲ ಅಂತ ಸಹಿ ಹಾಕಿ, ಗುಟ್ಟಾಗಿ ಕೊಡುತ್ತಲೇ ಇತ್ತು. ನಿಮ್ಮ ಹತ್ತು ‘ಕುತಂತ್ರ’ಗಳಿಗಿಂತ ಈ ಒಂದು ಸಂಗತಿ ಜಾಸ್ತಿ ಹೇಳುತ್ತದೆ.

ಹಾಗಂತ ಎಲ್ಲವನ್ನೂ ಹೊರಗಿನವರ ತಲೆಗೆ ಕಟ್ಟಬೇಡಿ. ಫ್ರೆಲಿಮೊ ರೈತರನ್ನು ಒತ್ತಾಯದಿಂದ ಸಾಮೂಹಿಕ ಹಳ್ಳಿಗಳಿಗೆ ಸಾಗಿಸಿತು, ಊರಿನ ಹಿರಿಯ ಮುಖಂಡರನ್ನು ಮೂಲೆಗೆ ತಳ್ಳಿತು. ಆ ಸಿಟ್ಟು ರೆನಾಮೊಗೆ ನೆಲ ಕೊಟ್ಟಿತು. ಅದೇ ರೆನಾಮೊ ಚಿಕ್ಕ ಹುಡುಗರನ್ನು ಎಳೆದೊಯ್ದು ಸೈನಿಕರನ್ನಾಗಿ ಮಾಡಿದ್ದನ್ನೂ ಬರೆಯಿರಿ.

‘ಕೊನೆಗೆ ವಿಶ್ವಸಂಸ್ಥೆ ಶಾಂತಿ ತಂದಿತು’ ಅಂತ ಒಂದೇ ವಾಕ್ಯದಲ್ಲಿ ದಾಟಿದ್ದೀರಿ. ಶೀತಲ ಸಮರ ಮುಗಿದು ಎರಡೂ ಕಡೆಯ ಬೆನ್ನಿಗಿದ್ದವರು ಹಿಂದೆ ಸರಿದ ಹೊತ್ತು ಅದು. ರೋಮ್‌ನ ಸಾಂತ್ ಎಜಿದಿಯೊ ಎಂಬ ಕ್ಯಾಥೊಲಿಕ್ ಬಳಗ ಮಾತುಕತೆಗೆ ಕೂರಿಸಿತು. 1992ರ ಅಕ್ಟೋಬರ್ 4ರಂದು ಸಹಿ ಆಯಿತು. ವಿಶ್ವಸಂಸ್ಥೆ ಸಾವಿರಗಟ್ಟಲೆ ಸೈನಿಕರನ್ನು ಕಳಿಸಿತು. ಬಂಡುಕೋರರು ರಾಜಕೀಯ ಪಕ್ಷವಾಗಲು ಹೊರಗಿನ ದೇಶಗಳೇ ದುಡ್ಡು ಹಾಕಿದವು. ಅಂಥದ್ದೇ ಅಂತರ್ಯುದ್ಧ ಕಂಡ ಅಂಗೋಲಾದಲ್ಲಿ ಅದೇ 1992ರಲ್ಲಿ ಚುನಾವಣೆ ನಡೆಯಿತು. ಅಲ್ಲಿ ವಿಶ್ವಸಂಸ್ಥೆಯದ್ದು ಸಣ್ಣ ವೀಕ್ಷಕರ ತಂಡ. ಫಲಿತಾಂಶ ಒಪ್ಪದ ಬಂಡುಕೋರ ನಾಯಕ ಸವಿಂಬಿ ಮತ್ತೆ ಯುದ್ಧಕ್ಕೆ ಇಳಿದ, 2002ರಲ್ಲಿ ಸಾಯುವವರೆಗೂ ಬಿಡಲಿಲ್ಲ. ಅವನ ಕೈಯಲ್ಲಿ ವಜ್ರದ ಗಣಿಗಳಿದ್ದವು. ರೆನಾಮೊಗೆ ಅಂಥ ಆದಾಯ ಇರಲಿಲ್ಲ. ಹೊರಗಿನ ಒತ್ತಡ ಒಂದು ಕಡೆ ನಾಟಿ ಇನ್ನೊಂದು ಕಡೆ ನಾಟದ್ದಕ್ಕೆ ಇದೂ ಒಂದು ಕಾರಣ.

ಇನ್ನು ಗೇರುಬೀಜ. ಯುದ್ಧ ಮುಗಿದ ಮೇಲೆ, 1995ರ ಹೊತ್ತಿಗೆ, ಕಚ್ಚಾ ಬೀಜದ ರಫ್ತು ಸುಂಕ ಇಳಿಸಿ ಅಂತ ವಿಶ್ವಬ್ಯಾಂಕ್ ಸಾಲಕ್ಕೆ ಷರತ್ತು ಹಾಕಿತು. ಬೀಜ ಹಡಗು ಹತ್ತಿ ಭಾರತಕ್ಕೆ ಬಂತು. ಮೊಜಾಂಬಿಕಿನ ಕಾರ್ಖಾನೆಗಳು ಒಂದೊಂದಾಗಿ ಮುಚ್ಚಿದವು. ಸಾವಿರಾರು ಜನರ ಕೆಲಸ ಹೋಯಿತು. ಬಂದೂಕು ಕೆಳಗಿಟ್ಟ ದೇಶಕ್ಕೆ ಎಲ್ಲಕ್ಕಿಂತ ಬೇಕಿದ್ದದ್ದೇ ಕೆಲಸ. ಇಲ್ಲಿ ನಿಮ್ಮ ಅಮ್ಮನಿಗೆ ಸಿಕ್ಕಿದ ಕೂಲಿ ಅಲ್ಲಿ ಇನ್ನೊಬ್ಬ ಹೆಂಗಸಿನ ಕೈತಪ್ಪಿದ್ದಿರಬಹುದು. ಬರೆಯಲು ಸಂಕಟ ಆಗುತ್ತದೆ, ಗೊತ್ತು. ಆದರೂ ಬರೆಯಿರಿ. ಅಮ್ಮ ತಪ್ಪು ಮಾಡಿಲ್ಲ, ಆ ಷರತ್ತು ಬರೆದವರು ವಾಷಿಂಗ್ಟನ್‌ನಲ್ಲಿದ್ದರು. ಗೋಣಿ ಯಾವ ವರ್ಷದಿಂದ ಜಾಸ್ತಿ ಬಂತು, ಕೂಲಿ ಎಷ್ಟಿತ್ತು, ಜೊತೆಯಲ್ಲಿ ಯಾರೆಲ್ಲ ಇದ್ದರು ಅಂತ ಅವರನ್ನೇ ಕೂರಿಸಿಕೊಂಡು ಕೇಳಿ.

ಕೊನೆಯ ‘ವಿಶ್ವವೇ ಒಂದು ಕುಟುಂಬ’ ಪ್ಯಾರಾ ತೆಗೆದುಬಿಡಿ. 2013ರಲ್ಲಿ ರೆನಾಮೊದವರು ಮತ್ತೆ ಬಂದೂಕು ಹಿಡಿದರು, 2019ರಲ್ಲಿ ಮತ್ತೊಂದು ಒಪ್ಪಂದ ಆಯಿತು. ಅಲ್ಲಿಗೆ ನಿಲ್ಲಿಸಿದರೆ ಸಾಕು. ನಾಲ್ಕು ಪುಟ ಮೀರದಿರಲಿ. ಮುಂದಿನ ತಿಂಗಳ ಸಂಚಿಕೆಗೆ ಜಾಗ ಇಟ್ಟಿರುತ್ತೇನೆ.

– ಸಂಪಾದಕ