ಫ್ರೆಂಚ್ ಹಾಸ್ಯಚಿತ್ರಗಳು ಶ್ರೀಮಂತರನ್ನು ಗೇಲಿ ಮಾಡುವುದಕ್ಕಷ್ಟೇ ಇವೆಯೇ?

ಫ್ರೆಂಚ್ ಹಾಸ್ಯಚಿತ್ರಗಳಲ್ಲಿ ಕಾಣುವ ವರ್ಗಭೇದದ ವಿಡಂಬನೆ ಎಂದರೆ ಉಳ್ಳವರನ್ನು ಗೇಲಿ ಮಾಡುವುದಷ್ಟೆಯೇ, ಇಂಥ ಚಿತ್ರಗಳನ್ನು ಯಾವುದರಿಂದ ನೋಡತೊಡಗಬೇಕು ಎಂದು ನೀವು ಕೇಳಿದ್ದೀರಿ. ನಾನು ನೋಡಿದ ಮಟ್ಟಿಗೆ ಹೇಳುವುದಾದರೆ, ಈ ಚಿತ್ರಗಳಲ್ಲಿ ಯಾರ ಬಳಿ ಎಷ್ಟು ಹಣವಿದೆ ಎಂಬುದರಿಂದ ನಗು ಹುಟ್ಟುವುದು ಕಡಿಮೆ. ಯಾವ ವೈನನ್ನು ಹೇಗೆ ಕುಡಿಯಬೇಕು, ಯಾವ ನಾಟಕವನ್ನು ಮೆಚ್ಚಬೇಕು, ಗೋಡೆಗೆ ಯಾವ ಚಿತ್ರವನ್ನು ತೂಗುಹಾಕಬೇಕು ಎಂಬುದು ಯಾರಿಗೆ ಗೊತ್ತು, ಯಾರಿಗೆ ಗೊತ್ತಿಲ್ಲ ಎಂಬಲ್ಲಿಯೇ ಅದು ಹುಟ್ಟುತ್ತದೆ. ಅಭಿರುಚಿ ಎನ್ನುವುದು ವರ್ಗದ ಗುರುತುಚೀಟಿ ಎಂದು ಸಮಾಜಶಾಸ್ತ್ರಜ್ಞ ಪಿಯೆರ್ ಬೂರ್ದ್ಯೂ 1979ರಲ್ಲಿ ದಪ್ಪ ಗ್ರಂಥವನ್ನೇ ಬರೆದು ವಾದಿಸಿದರು. ಆದರೆ ಅದಕ್ಕೆ ಮೂರು ಶತಮಾನಗಳ ಹಿಂದೆಯೇ, 1670ರಲ್ಲಿ, ಮೋಲಿಯೇರ್ ತನ್ನ ನಾಟಕದಲ್ಲಿ ಕುಲೀನನಾಗಲು ಹಂಬಲಿಸುವ ವ್ಯಾಪಾರಿ ಝೂರ್ದ್ಯಾಂನನ್ನು ರಂಗಕ್ಕೆ ತಂದು, ತಾನು ಇಷ್ಟು ವರ್ಷ ಆಡುತ್ತಿದ್ದದ್ದು ಗದ್ಯ ಎಂದು ತಿಳಿದು ಅವನು ಬೆರಗಾಗುವುದನ್ನು ತೋರಿಸಿ ನಗಿಸಿದ್ದ.

ಆ ಝೂರ್ದ್ಯಾಂನ ಮೊಮ್ಮಗನಂತಿರುವ ಪಾತ್ರ ಅನ್ಯೆಸ್ ಜಾವುಯಿ ನಿರ್ದೇಶಿಸಿದ 'ಇತರರ ಅಭಿರುಚಿ' (2000) ಚಿತ್ರದ ಕಾಸ್ತೆಲಾ. ನೀವು ಇದರಿಂದಲೇ ಆರಂಭಿಸಬೇಕೆಂಬುದು ನನ್ನ ಸಲಹೆ. ಝಾಂ-ಪಿಯೆರ್ ಬಾಕ್ರಿ ನಟಿಸಿರುವ ಈ ಕಾಸ್ತೆಲಾ ಕಾರ್ಖಾನೆಯ ಒಡೆಯ. ಒರಟು ಮಾತು, ದಪ್ಪ ಮೀಸೆ, ಹೆಂಡತಿ ಹೂವಿನ ಚಿತ್ತಾರಗಳಿಂದ ತುಂಬಿಟ್ಟ ಮನೆ. ಸೊಸೆಗೋ ಮಗಳಿಗೋ ಸಣ್ಣ ಪಾತ್ರ ಸಿಕ್ಕಿತೆಂದು ನಾಟಕಕ್ಕೆ ಹೋಗಿ ಕುಳಿತುಕೊಳ್ಳುವ ಬಂಧುಗಳು ನಮ್ಮಲ್ಲೂ ಇರುವಂತೆ, ಇವನೂ ಒಲ್ಲದ ಮನಸ್ಸಿನಿಂದ ರಾಸೀನನ ದುರಂತ ನಾಟಕ 'ಬೆರೆನೀಸ್' ನೋಡಲು ಹೋಗುತ್ತಾನೆ. ಹೋದವನು ಕಣ್ಣು ತುಂಬಿಕೊಂಡು ಬರುತ್ತಾನೆ. ಬೆರೆನೀಸ್ ಪಾತ್ರ ಮಾಡಿದ ಕ್ಲಾರಾ, ಅವನೇ ಕೆಲವು ದಿನಗಳ ಹಿಂದೆ ಬೇಡವೆಂದು ಕಳುಹಿಸಿದ್ದ ಇಂಗ್ಲಿಷ್ ಶಿಕ್ಷಕಿ. ಅಲ್ಲಿಂದ ಮುಂದೆ ಅವನು ಅವಳ ಕಲಾವಿದ ಗೆಳೆಯರ ನಡುವೆ ಕರೆಯದೆ ಬಂದು ಕೂರುತ್ತಾನೆ, ಎಲ್ಲರ ಬಿಲ್ಲನ್ನೂ ತಾನೇ ಕೊಡಲು ಮುಂದಾಗುವ ಉತ್ಸಾಹದಲ್ಲಿ ಮಾತಾಡುತ್ತಾನೆ, ಅವಳಿಗೆ ಮೀಸೆ ಹಿಡಿಸದೆಂದು ತಿಳಿದು ಅದನ್ನು ಬೋಳಿಸಿಕೊಳ್ಳುತ್ತಾನೆ. ಅವರು ಅವನೆದುರೇ ಅವನನ್ನು ಹಾಸ್ಯ ಮಾಡುವುದು ಅವನಿಗೆ ಅರ್ಥವಾಗುವುದಿಲ್ಲ. ನಾವೂ ಅವರ ಜೊತೆ ಸೇರಿ ನಗುತ್ತೇವೆ, ಏಕೆಂದರೆ ಮೋಲಿಯೇರನ ಕಾಲದಿಂದ ಪ್ರೇಕ್ಷಕನಿಗೆ ಹಾಕಿಕೊಟ್ಟ ಜಾಗ ಅದು.

ಆಮೇಲೆ ಅವನು ಆ ಗುಂಪಿನವನೊಬ್ಬನ ಚಿತ್ರಕೃತಿಯನ್ನು ಕೊಳ್ಳುತ್ತಾನೆ. ಗೆಳೆಯರು ಇವನನ್ನು ಸುಲಿಯುತ್ತಿದ್ದಾರೆಂದು ನೊಂದ ಕ್ಲಾರಾ ಎಚ್ಚರಿಸಲು ಬರುತ್ತಾಳೆ. ಅವನು ಸಿಟ್ಟಾಗುವುದಿಲ್ಲ, ಆ ಚಿತ್ರ ನನಗೆ ನಿಜವಾಗಿಯೂ ಹಿಡಿಸಿರಬಹುದು ಎಂದು ನಿಮಗೆ ಒಂದು ಕ್ಷಣವೂ ಅನ್ನಿಸಲಿಲ್ಲವೇ ಎಂಬ ಅರ್ಥದಲ್ಲಿ ಕೇಳುತ್ತಾನೆ. ಅವಳಿಗೆ ಉತ್ತರ ಹೊಳೆಯುವುದಿಲ್ಲ. ಅದುವರೆಗೆ ಅವಳ ಪಕ್ಕದಲ್ಲಿ ಕುಳಿತು ನಕ್ಕ ನಮಗೂ ಹೊಳೆಯುವುದಿಲ್ಲ. ಓದಿದವರ, ಕಲೆ ಬಲ್ಲವರ, ತಾವು ವರ್ಗಗಳಿಗೆ ಹೊರತಾದವರೆಂದು ಭಾವಿಸಿದವರ ಅಹಂಕಾರವನ್ನು ಇಷ್ಟು ಮೆತ್ತಗೆ ಹಿಡಿದು ತೋರಿಸಿದ ದೃಶ್ಯ ನನಗೆ ಬೇರೆ ನೆನಪಾಗುತ್ತಿಲ್ಲ.

ಲೂಯಿಸ್ ಬುನ್ಯುಯೆಲ್ 1972ರ 'ಬೂರ್ಜ್ವಾಗಳ ಮಿತಭಾಷಿ ಮೋಹಕತೆ'ಯಲ್ಲಿ ಇದೇ ಮಾತನ್ನು ಕ್ರೂರವಾಗಿ ಹೇಳುತ್ತಾನೆ. ಊಟಕ್ಕೆ ಸೇರಿದ ಸಭ್ಯರು ಡ್ರೈ ಮಾರ್ಟಿನಿಯನ್ನು ಹೇಗೆ ಮಾಡಬೇಕು, ಹೇಗೆ ಗುಟುಕು ಗುಟುಕಾಗಿ ಸವಿಯಬೇಕು ಎಂದು ಚರ್ಚಿಸುತ್ತ, ಹೊರಗಿದ್ದ ಡ್ರೈವರನ್ನು ಒಳಗೆ ಕರೆದು ಒಂದು ಲೋಟ ಕೊಡುತ್ತಾರೆ. ಅವನು ಗಟಗಟನೆ ಒಂದೇ ಗುಕ್ಕಿಗೆ ಕುಡಿದು ವಂದಿಸಿ ಹೋಗುತ್ತಾನೆ. ನೋಡಿದಿರಾ, ಹೀಗೆ ಕುಡಿಯಬಾರದು ಎಂದು ಅವರು ಪಾಠ ಮುಗಿಸುತ್ತಾರೆ. ಅವನಿಗೆ ಕೊಟ್ಟದ್ದು ಪಾನೀಯವಲ್ಲ, ಪರೀಕ್ಷೆ.

ಆದರೆ ಈ ಗೆರೆಯನ್ನು ಕಾಯುವವರು ಮೇಲಿನವರು ಮಾತ್ರ ಎಂದುಕೊಳ್ಳಬೇಡಿ. ಝಾಂ ರೆನ್ವಾರ್‌ನ 'ಆಟದ ನಿಯಮ' (1939) ಚಿತ್ರದಲ್ಲಿ ಬಂಗಲೆಯ ಆಳುಗಳು ಕೆಳಗಿನ ಅಡುಗೆಮನೆಯಲ್ಲಿ ಊಟಕ್ಕೆ ಕುಳಿತು, 'ಮಾರ್ಕಿ' ಎಂಬ ಕುಲೀನ ಪದವಿಯುಳ್ಳ ಒಡೆಯನ ಯಹೂದಿ ಮೂಲವನ್ನು ಆಡಿಕೊಳ್ಳುತ್ತಿರುತ್ತಾರೆ. ಆಗ ಬಾಣಸಿಗ ಅಡ್ಡಬಾಯಿ ಹಾಕುತ್ತಾನೆ: ಆಲೂಗಡ್ಡೆ ಸಲಾಡ್ ಮಾಡುವಾಗ ಬೆಂದ ಗಡ್ಡೆ ಸುಡುಸುಡು ಇರುವಂತೆಯೇ ಬಿಳಿ ವೈನ್ ಸುರಿಯಬೇಕು, ಕೈ ಸುಟ್ಟುಕೊಳ್ಳಲು ಹೆದರಿದ ಸಹಾಯಕ ಹಾಗೆ ಮಾಡಿರಲಿಲ್ಲ, ಒಡೆಯ ಅದನ್ನು ಥಟ್ಟನೆ ಕಂಡುಹಿಡಿದು ತನ್ನನ್ನು ಗದರಿದ, ಅವನೇ ನಿಜವಾದ ದೊಡ್ಡ ಮನುಷ್ಯ. ಹುಟ್ಟಿನ ಆಧಾರದಲ್ಲಿ ಕೀಳುಗಳೆದವರೆದುರು ನಾಲಗೆಯ ಆಧಾರದಲ್ಲಿ ಅವನಿಗೆ ಪ್ರಮಾಣಪತ್ರ ಸಿಗುತ್ತದೆ, ಅದನ್ನು ಕೊಡುವವನು ಆಳು. ಯುದ್ಧದ ಅಂಚಿನಲ್ಲಿ ತೆರೆಕಂಡ ಈ ಚಿತ್ರವನ್ನು ಪ್ಯಾರಿಸ್ಸಿನ ಪ್ರೇಕ್ಷಕರು ಕೂಗಿ ಹೀಗಳೆದರು. ಅದೇ ವರ್ಷ ಸರ್ಕಾರ ಅದನ್ನು ನಿಷೇಧಿಸಿತು.

ಝಾಕ್ ತಾತಿಯ 'ನನ್ನ ಮಾವ' (1958) ಹೆಚ್ಚು ಮಾತಿಲ್ಲದೆಯೇ ಇದನ್ನು ಮಾಡುತ್ತದೆ: ಗೇಟಿನ ಗಂಟೆ ಬಾರಿಸಿದ ಕೂಡಲೇ ಅರ್ಪೆಲ್ ದಂಪತಿಗಳ ತೋಟದಲ್ಲಿ ಲೋಹದ ಮೀನು ಬಾಯಿಂದ ನೀರು ಚಿಮ್ಮಿಸತೊಡಗುತ್ತದೆ, ಬಂದವನು ಮನೆಯಾಕೆಯ ತಮ್ಮ ಎಂದು ಗೊತ್ತಾದರೆ ಕಾರಂಜಿ ನಿಲ್ಲುತ್ತದೆ.

ಫ್ರಾನ್ಸಿಸ್ ವೆಬೇರ್‌ನ 'ಮೂರ್ಖರ ಔತಣ' (1998) ಹೆಚ್ಚು ಜನಪ್ರಿಯ. ವಾರಕ್ಕೊಮ್ಮೆ ಒಬ್ಬೊಬ್ಬ ಮೂರ್ಖನನ್ನು ಊಟಕ್ಕೆ ಕರೆತಂದು ಮೋಜು ನೋಡುವ ಸಿರಿವಂತರ ಕಥೆ ಅದು. ತೆರಿಗೆ ಅಧಿಕಾರಿ ಮನೆಗೆ ಬರುತ್ತಾನೆಂದಾಗ ಅವರಲ್ಲೊಬ್ಬನಾದ ಪ್ರಕಾಶಕ ಬ್ರೋಶಾಂ ಬೆಲೆಬಾಳುವ ಚಿತ್ರಗಳನ್ನು ಅವಿತಿಡುತ್ತಾನೆ; ಮನೆಯಲ್ಲಿ ಅಗ್ಗದ ವೈನ್ ಇಲ್ಲದ್ದರಿಂದ ಶ್ರೇಷ್ಠ ಲಾಫೀತ್‌ಗೆ ವಿನೆಗರ್ ಬೆರೆಸಿ ಅದನ್ನು ಕೆಡಿಸಲು ನೋಡುತ್ತಾನೆ. ರುಚಿ ನೋಡಿದರೆ ಮೊದಲಿಗಿಂತ ಚೆನ್ನಾಗಿದೆ! ಆದರೂ ಇಡೀ ಚಿತ್ರದಲ್ಲಿ ನಾವು ನಗುವುದು ಬಹುಪಾಲು ಬೆಂಕಿಕಡ್ಡಿಗಳಿಂದ ಐಫೆಲ್ ಗೋಪುರ ಕಟ್ಟುವ, ಬ್ರೋಶಾಂ ಆರಿಸಿದ 'ಮೂರ್ಖ' ಬಡಪಾಯಿ ಪಿನ್ಯೋನನ್ನು ನೋಡಿಯೇ. ಆದ್ದರಿಂದ ನನಗೆ ಅದರ ನೀತಿಯ ಮೇಲೆ ಅನುಮಾನವಿದೆ, ಅದರ ಹಾಸ್ಯದ ಮೇಲಿಲ್ಲ.

ಒಂದು ತೊಡಕನ್ನು ಮೊದಲೇ ಹೇಳಿಬಿಡುತ್ತೇನೆ. ಫ್ರೆಂಚಿನಲ್ಲಿ 'ತ್ಯು', 'ವೂ' ಎಂಬ ಎರಡು ಸಂಬೋಧನೆಗಳು ನಮ್ಮ 'ನೀನು', 'ನೀವು'ಗಳ ಹಾಗೆಯೇ ಕೆಲಸ ಮಾಡುತ್ತವೆ. ಯಾರು ಯಾವಾಗ ಒಂದರಿಂದ ಇನ್ನೊಂದಕ್ಕೆ ಜಾರಿದರು ಎಂಬುದರಲ್ಲಿ ಅರ್ಧ ವಿಡಂಬನೆ ಅಡಗಿರುತ್ತದೆ. ಇಂಗ್ಲಿಷ್ ಉಪಶೀರ್ಷಿಕೆಗಳು ಎರಡನ್ನೂ ಒಂದೇ ಪದದಲ್ಲಿ ಮುಳುಗಿಸಿಬಿಡುತ್ತವೆ. ಫ್ರೆಂಚ್ ಬರದಿದ್ದರೂ ಈ ಎರಡು ಸದ್ದುಗಳಿಗೆ ಕಿವಿಗೊಟ್ಟು ನೋಡಿ, ಅದರಲ್ಲೂ ಕಾಸ್ತೆಲಾ ಕ್ಲಾರಾಳ ಎದುರು ನಿಂತಾಗ.