ಅಡುಗೆಮನೆಯಲ್ಲಿ ಅಭಿಮನ್ಯು

ಪ್ರಶ್ನೆ: ನಮ್ಮನೆಯವರಿಗೆ 58 ವರ್ಷ. ಇಷ್ಟು ವರ್ಷ ಬ್ಯಾಂಕಿನಲ್ಲಿ ಕೂತೇ ಕೆಲಸ ಮಾಡಿದವರು, ವಿಆರ್‌ಎಸ್ ತಗೊಂಡದ್ದೇ ತಡ, ಯಕ್ಷಗಾನ ಕುಣಿತ ಕಲಿಯುವ ಹುಚ್ಚು ಹತ್ತಿಸಿಕೊಂಡಿದ್ದಾರೆ. ಕ್ಲಾಸಿನಲ್ಲಿ ಉಳಿದವರೆಲ್ಲ ಹೈಸ್ಕೂಲ್ ಮಕ್ಕಳು. ಬೆಳಗಿನ ಐದಕ್ಕೇ ಅಡುಗೆಮನೆಯಲ್ಲಿ ‘ತೈ ತೈ’ ಶುರು. ನಾನು ಒಗ್ಗರಣೆಗೆ ಸಾಸಿವೆ ಹಾಕುವಾಗ ಲಟ್ಟಣಿಗೆ ಹಿಡಿದು ಗಿರಕಿ ಹೊಡೆಯುತ್ತಾರೆ. ಮೊನ್ನೆ ಮಂಡಿ ಹಾಕಲು ಹೋಗಿ ಏಳಲಿಕ್ಕೇ ಆಗಲಿಲ್ಲ, ಹಾಲಿನವನು ಬಂದು ಎಬ್ಬಿಸಿದ. ಬೈದರೆ ‘ಯಕ್ಷಗಾನ ಕಲಾವಿದ ಚಿಟ್ಟಾಣಿಯವರು 80 ದಾಟಿದ ಮೇಲೂ ಕುಣಿಯಲಿಲ್ವಾ?’ ಅಂತಾರೆ. ಬಿಡಿಸುವುದು ಹೇಗೆ?
– ಹೆಸರು ಬೇಡ, ಶಿರಸಿ

ಉತ್ತರ: ಬಿಡಿಸೋದು ಕಷ್ಟ ತಾಯಿ, ಗೆಜ್ಜೆ ಸದ್ದು ಒಮ್ಮೆ ತಲೆಗೆ ಹೋದರೆ ಇಳಿಯುವುದಿಲ್ಲ. ಚಿಟ್ಟಾಣಿ ರಾಮಚಂದ್ರ ಹೆಗಡೆಯವರು ಕುಣಿದದ್ದು ನಿಜ. ಆದರೆ ಅವರು ಹುಡುಗರಾಗಿದ್ದಾಗಲೇ ಗೆಜ್ಜೆ ಕಟ್ಟಿದವರು. 2012ರಲ್ಲಿ ಪದ್ಮಶ್ರೀ ಬರುವಷ್ಟರಲ್ಲಿ ಆ ಕಾಲುಗಳಿಗೆ ಎಷ್ಟು ದಶಕದ ಸರ್ವೀಸು, ಲೆಕ್ಕ ಹಾಕಿ. ನಿಮ್ಮವರ ಕಾಲಿಗೆ ಇರುವುದು ಬರೀ ಕುರ್ಚಿ ಸರ್ವೀಸು, ಅಲ್ವಾ?

ಮಂಡಿ ಕುಣಿತವನ್ನು ಮಾತ್ರ ಈಗಲೇ ನಿಲ್ಲಿಸಿ. ಎರಡೂ ಮಂಡಿ ನೆಲಕ್ಕೆ ಊರಿ ಸುತ್ತುವಾಗ ಮೈಭಾರ ಪೂರ್ತಿ ಮಂಡಿಚಿಪ್ಪಿನ ಮೇಲೆ ಬೀಳುತ್ತದೆ. ಅಭಿಮನ್ಯು, ಬಭ್ರುವಾಹನ ಮಾಡುವ ಹುಡುಗರಿಗೇ ಅದು ಸುಲಭವಲ್ಲ. ಇನ್ನು ನಿಮ್ಮ ಅಡುಗೆಮನೆ ಟೈಲ್ಸಿನ ಮೇಲೆ ಒಂದು ಹನಿ ಎಣ್ಣೆ ಬಿದ್ದಿದ್ದರೆ ಕುರುಕ್ಷೇತ್ರ ಅಲ್ಲೇ ಮುಗಿಯಿತು. ಅಂಗಳದ ಮಣ್ಣಿನ ನೆಲಕ್ಕೆ ಕಳಿಸಿ. ಸಾದಾ ಹೆಜ್ಜೆ ಹಾಕಲಿ, ಬೆವರು ಬರಲಿ, ಒಳ್ಳೆಯದೇ. ತ್ರಿವುಡೆ ತಾಳಕ್ಕೆ 7 ಮಾತ್ರೆ, ಅಂದರೆ ಏಳು ಎಣಿಕೆ, ಎರಡು ದಿನ ನೀವೂ ಕೈಯಲ್ಲಿ ಎಣಿಸಿ ನೋಡಿ, ಆಮೇಲೆ ಅವರು ತಪ್ಪಿದಾಗಲೆಲ್ಲ ಒಳಗಿನಿಂದಲೇ ‘ತಪ್ಪಿತು!’ ಅಂತ ಕೂಗಿ. ಅರ್ಧ ಹುಚ್ಚು ಇಳಿಯುತ್ತದೆ, ಇಲ್ಲವೇ ನಿಮಗೂ ಹತ್ತುತ್ತದೆ.

ಇನ್ನೊಂದು ದಾರಿ ತಾಳಮದ್ದಲೆ. ಅದೇ ಪದ್ಯ, ಅದೇ ಚಂಡೆ ಮದ್ದಳೆ, ಆದರೆ ವೇಷವಿಲ್ಲ, ಕುಣಿತವಿಲ್ಲ, ಕೂತಲ್ಲೇ ಅರ್ಥ, ಅಂದರೆ ಪಾತ್ರದ ಉದ್ದುದ್ದ ಮಾತು, ಹೇಳುವುದು. ಕೂತು ಅಭ್ಯಾಸ ಇರುವ ಬ್ಯಾಂಕಿನವರಿಗೆ ಹೇಳಿ ಮಾಡಿಸಿದ್ದು. ಒಂದೇ ತೊಂದರೆ, ನಾಳೆ ಅವರು ಕೌರವನಾಗಿ ಬೆಳಗಿನ ಐದಕ್ಕೆ ಬಂದು ಕೂತರೆ, ಒಂದು ಲೋಟ ಕಾಫಿ ಬೇಕು ಅಂತ ಹೇಳಿ ಮುಗಿಸಲಿಕ್ಕೇ ಅರ್ಧ ಗಂಟೆ ಬೇಕು.